ಬಿಂಬಯಿ

ಕುರ್ಲಾದ ಕಸಾಯಿವಾಡದ ಹಿಂದೆ ನಮ್ಮ ಕಾರ್ಖಾನೆ.
ಗಾಜಿನ ಬೆನ್ನಿಗೆ ಬೆಳ್ಳಿನೀರು ಹೊಯ್ದು
ಆಚೆಯವರಿಗೊಂದು ಬಾಗಿಲು ಕೂರಿಸುವುದು ಕೆಲಸ.
ಸೇಠ್ ಹಾಗನ್ನುವುದಿಲ್ಲ. ಅವನಿಗದು
ಚದರಡಿಯ ಲೆಕ್ಕ.

ನಾನು ಹೊರುವವನು.
ಮುಂದೆ ಮುಸ್ತಕೀಮ, ಹಿಂದೆ ನಾನು,
ನಡುವೆ ಗೋಣಿತಟ್ಟು ಜಾರಿದ ಆರಡಿ ಆಕಾಶ.
ಕನ್ನಡಿ ಹೊತ್ತವನಿಗೆ ಈ ಊರು ದಾರಿ ಬಿಡುತ್ತದೆ,
ಹೆಣಕ್ಕೂ ಇಷ್ಟು ಬಿಡದು.

ಹೊತ್ತು ನಡೆದಂತೆ ಗಾಜಿನೊಳಗೆ ಜಾರುತ್ತದೆ ಇನ್ನೊಂದು ಊರು.
ಅಲ್ಲಿ ಕಡಲು ಮೂಡಣಕ್ಕೆ;
ಉಪ್ಪುನೀರಲ್ಲಿ ಮುಖ ತೊಳೆದೇ ಸೂರ್ಯ ಕೆಲಸಕ್ಕೆ ಹೊರಡುವುದು.
ಅಂಗಡಿಗಳ ಹೆಸರೆಲ್ಲ ಬೆನ್ನು ತಿರುಗಿಸಿ ನಿಂತಿವೆ.
ಎಡಗೈಯಲ್ಲಿ ಉಣ್ಣುತ್ತಾರೆ, ಯಾರ ತಾಯಿಯೂ ಬೈಯುವುದಿಲ್ಲ.
ಆ ಊರಿಗೆ ನಾನಿಟ್ಟ ಹೆಸರು ಬಿಂಬಯಿ.

ಅಲ್ಲಿಯವರದು ಕಷ್ಟದ ಪಾಳಿ.
ನೀವು ಹಲ್ಲುಜ್ಜಲು ನಿಂತರೆ ಅವರೂ ಉಜ್ಜಬೇಕು,
ಆಗಲೇ ಉಜ್ಜಿ ಚಾ ಕುಡಿದಿದ್ದರೂ.
ನೀವು ಅತ್ತರೆ ಅಳಬೇಕು, ಕಾರಣ ಕೇಳುವಂತಿಲ್ಲ.
ಲಿಫ್ಟಿನ ಕನ್ನಡಿಗೆ ಬಿದ್ದವರ ಪಾಡಂತೂ ಬೇಡ:
ದಿನಕ್ಕೆ ನಾನೂರು ಸಲ ಕಾಲರು ತಿದ್ದಿ
ನಾನೂರು ಸಲ ಒಳ್ಳೆಯವರಂತೆ ನಕ್ಕು.
ನೀವು ಸರಿದ ಮೇಲೆ ಭುಜ ಇಳಿಬಿಟ್ಟು
ಗೋಡೆಗೊರಗಿ ಬೀಡಿ ಹಚ್ಚುತ್ತಾರೆ.
ಮಂಜು ಕವಿದಿದೆ ಎಂದು ನೀವು ತೋಳಲ್ಲಿ ಒರೆಸುವುದು
ಆ ಹೊಗೆಯನ್ನೇ.

ಹೋದ ವರ್ಷ, ಬಿಸಿಲು ಹಂಚು ಕಾಯಿಸುವ ದಿನ,
ಗಿರಗಾಂವದ ಚಾಳಿನ ಮೂರನೇ ಮಹಡಿಗೆ
ಮದುಮಗಳಿಗೆಂದು ನಿಲುವುಗನ್ನಡಿ ಏರಿಸಿದೆವು.
ಹಗ್ಗ ಬಿಚ್ಚಿದರೆ
ಗಾಜಿನಲ್ಲಿ ಮುಸ್ತಕೀಮ ಇದ್ದಾನೆ,
ನೀರಿನ ಡ್ರಮ್ಮು ಇದೆ, ತಿಥಿ ಪಂಚಾಂಗದ ಕ್ಯಾಲೆಂಡರು ಇದೆ.
ನಾನಿಲ್ಲ.
ನನ್ನ ಜಾಗದಲ್ಲಿ ಹಸಿರು ಸುಣ್ಣದ ಗೋಡೆ,
ಗೋಡೆಗೊಂದು ಮೊಳೆ.

ಏಳು ಎಣಿಸಿದೆ.
ಆಮೇಲೆ ಬಂದ ಅವನು, ಮೆಟ್ಟಿಲು ಓಡಿ ಹತ್ತಿದವನಂತೆ
ಏದುತ್ತ, ಅಂಗಿ ತೊಯ್ದು ಮೈಗಂಟಿ.
ಇಲ್ಲಿ ಹನಿ ಮಳೆಯಿಲ್ಲ.
ಗಾಡಿ ತಪ್ಪಿತು ಎನ್ನುವಂತೆ ತುಟಿ ಅಲುಗಿಸಿದ,
ನನ್ನ ತುಟಿ ತಾನಾಗಿ ಅಲುಗಿತು.
ಅಲ್ಲಿಯವರೆಗೂ ನಾನು ತಿಳಿದದ್ದು
ಅಲುಗಿಸುವವನು ನಾನೆಂದು.

ಗಾಜಿಗೆ ಕಿವಿ ಹಚ್ಚಿದೆ. ಅವನೂ ಕಿವಿಯನ್ನೇ ಹಚ್ಚಿದ:
ಕೇಳುವವರು ಇಬ್ಬರು, ಹೇಳುವವರಿಲ್ಲ.
ತಡವಾಯಿತೇ ಎಂದರೆ
ಆಚೆ ಮುಟ್ಟಿದ್ದು ತೇಯಿವಾಡತ.
ಅವನು ಹುಬ್ಬು ಗಂಟಿಕ್ಕಿ ಏನೋ ಅಂದ,
ಅದೂ ಕಾಲು ಮೇಲಾಗಿಯೇ ಬಂದು ಬಿತ್ತು.
ಸಣ್ಣವನಿದ್ದಾಗ ಸಾಲಿಯಲ್ಲಿ ಬೂದಿಹಾಳ ಮಾಸ್ತರರು
ಹಲಗೆಯ ಮೇಲೆ ನಮ್ಮೂರ ಹೆಸರು ಬರೆದು
ಹಿಂದಿನಿಂದ ಓದಿಸಿ ನಗಿಸಿದ್ದರು:
ಎಲ್ಲಿಗೆ ಹೋದರೂ ಈ ಊರಿನವ ತಿರುವುಮುರುವು ಆಗಲಾರ ನೋಡ್ರಿ.
ಅದೊಂದೇ ಶಬ್ದ ನೆನಪಾಗಿ
ಗದಗ, ಅಂದೆ.
ಗದಗ, ಅಂದ.
ಎರಡೂ ಕಡೆ ನೆಟ್ಟಗೆ ದಾಟಿತು.

ಮುಸ್ತಕೀಮ ಕೇಳಿದ: ಕ್ಯಾ ಬಡಬಡಾ ರಹಾ ಹೈ?
ಮದುಮಗಳು ಬಂದಳು, ನಾನು ಸರಿದೆ.
ಮೇಲ್ಕೂಲಿ ಐವತ್ತು ಕೊಟ್ಟರು, ಒಂದು ಬೇಸನ್ ಉಂಡೆ.

ಅಂದಿನಿಂದ ಕನ್ನಡಿಯೆದುರು ಹೆಚ್ಚು ನಿಲ್ಲುವುದಿಲ್ಲ.
ಅವನಿಗೂ ಡೊಂಬಿವಲಿಯಷ್ಟು ದೂರ ಮನೆ ಇದ್ದೀತು,
ಒಲೆಯ ಮೇಲೆ ಮುಚ್ಚಿಟ್ಟ ಅನ್ನ ಇದ್ದೀತು.
ಗಡ್ಡವನ್ನು ತಡವಿಕೊಂಡೇ ಕೆರೆಯುತ್ತೇನೆ,
ಎರಡು ಸಲ ಕೆನ್ನೆ ಕೊಯ್ದುಕೊಂಡಿದ್ದೇನೆ.

ನಿನ್ನೆ ಹೊಸ ಗಾಜಿಗೆ ಬೆಳ್ಳಿ ಹಿಡಿಯುತ್ತಿದ್ದಾಗ
ಹಾಲು ಕೆನೆಗಟ್ಟುವ ಹಾಗೆ ಮೆಲ್ಲಗೆ ಮೂಡಿದ.
ಅವನ ಕೆನ್ನೆ ನುಣ್ಣಗಿತ್ತು.
ಗೀರಿಲ್ಲ, ಹತ್ತಿಯ ಚೂರಿಲ್ಲ.

ಅಂದರೆ ಅವನು
ಬೇರೆ ಯಾರನ್ನೋ ನೋಡಿಕೊಂಡು ಕೆರೆಯುತ್ತಿದ್ದಾನೆ.